ಅಖಾಡದ ಹೆಸರು

ಆಟಕ್ಕೆ ಇಳಿದಾಗ ಬಳಕೆಗೆ ಬರುವ, ಮನೆಯವರು ಇಟ್ಟ ಹೆಸರಿಗಿಂತ ಬೇರೆಯಾದ, ಜನ ಕೂಗಿ ಕರೆಯಲೆಂದೇ ಕಟ್ಟಿಕೊಂಡ ಹೆಸರು ಅಖಾಡದ ಹೆಸರು. ಕುಸ್ತಿ ಕಣ, ಹೋರಿ ಓಡುವ ದಾರಿ, ಕಬಡ್ಡಿ ಅಂಕಣ, ಕ್ರಿಕೆಟ್ ಮೈದಾನಗಳಲ್ಲಿ ಬಹುಕಾಲದಿಂದ ಬಳಕೆಯಲ್ಲಿರುವ ಈ ಬಗೆಯ ಹೆಸರು ಕಳೆದ ಕೆಲವು ವರ್ಷಗಳಲ್ಲಿ ಮೊಬೈಲ್ ಆಟಗಳಿಗೂ ಬಂದಿದೆ. ಉತ್ತರ ಕರ್ನಾಟಕದಲ್ಲಿ ಇಂಥ ಹೆಸರುಗಳನ್ನು ಗಮನಿಸಿದರೆ ಹಿಂದಿಯ ಆಡುಮಾತಿನಿಂದ ಬಂದವು ಎದ್ದು ಕಾಣುತ್ತವೆ: ಭಾಯ್, ದಾದಾ, ಡಾನ್, ಉಸ್ತಾದ್, ಖಿಲಾಡಿ, ಬಾದಶಾ, ಗಬ್ಬರ್, ಕಾ ರಾಜಾ. ಇವುಗಳ ಅರ್ಥವೇನು, ಕನ್ನಡವನ್ನೇ ಉಂಡು ಉಟ್ಟು ಬೆಳೆದ ಹುಡುಗರಿಗೆ ಇವು ಯಾಕೆ ಇಷ್ಟವಾಗುತ್ತವೆ ಎಂಬುದು ಈ ಲೇಖನದ ವಿಷಯ. ಹಾವೇರಿ ಜಿಲ್ಲೆಯ ಬ್ಯಾಡಗಿ–ರಾಣೆಬೆನ್ನೂರು ಸೀಮೆ ಮತ್ತು ಆ ಎರಡು ಊರುಗಳ ನಡುವಿನ ಕದರಮಂಡಲಗಿ ಇದಕ್ಕೆ ತಕ್ಕ ನೆಲೆ. ಇಲ್ಲಿ ದೇವರಿಗೂ ಹೋರಿಗೂ ಮನುಷ್ಯರಿಗೂ ಎರಡನೆಯ ಹೆಸರು ಕೊಡುವ ರೂಢಿ ಗಟ್ಟಿಯಾಗಿದೆ.

ಮನೆತನದ ಹೆಸರಿನ ಭಾರ

ಧಾರವಾಡ, ಹಾವೇರಿ, ಗದಗ ಕಡೆ ಮನೆತನದ ಹೆಸರಿಗೆ ಅಡ್ಡಹೆಸರು ಎನ್ನುತ್ತಾರೆ. ಮೆಣಸಿನಕಾಯಿ, ಉಳ್ಳಾಗಡ್ಡಿ, ಬೆಲ್ಲದ, ಅಕ್ಕಿ, ಹತ್ತಿ, ಎಣ್ಣಿ, ಜೋಳದ, ಅಂಗಡಿ, ಹೂಗಾರ, ಬಡಿಗೇರ, ಕಮ್ಮಾರ, ತಳವಾರ, ಹಿರೇಮಠ, ಬಣಕಾರ – ಶಾಲೆಯ ಹಾಜರಿ ಪುಸ್ತಕ ತೆರೆದರೆ ಒಂದು ಸಂತೆಯೂ ಒಂದು ಊರಿನ ಆಯವೂ ಒಟ್ಟಿಗೆ ಸಿಗುತ್ತವೆ. ಇವುಗಳಲ್ಲಿ ಅನೇಕವು ಒಂದು ಕಾಲಕ್ಕೆ ಯಾರೋ ಒಬ್ಬರನ್ನು ಗುರುತಿಸಲು ಕರೆದ ಹೆಸರುಗಳೇ ಆಗಿದ್ದವು. ಮಾರುತ್ತಿದ್ದ ಸರಕು, ಮಾಡುತ್ತಿದ್ದ ಕಸುಬು, ಬಿಟ್ಟುಬಂದ ಊರು, ಹಿಡಿದ ಹುದ್ದೆ ಯಾವುದೋ ಒಂದು ಅಂಟಿಕೊಂಡು, ಬ್ರಿಟಿಷರ ಕಾಲದ ಕಾಗದಪತ್ರಗಳಲ್ಲಿ ಕುಳಿತು, ಮಕ್ಕಳು ಮೊಮ್ಮಕ್ಕಳಿಗೆ ಹರಿದುಬಂತು.

ಆದ್ದರಿಂದ ಈ ಭಾಗದಲ್ಲಿ ಪೂರ್ಣ ಹೆಸರು ಬಹಳ ಮಾತಾಡುತ್ತದೆ. ಅಪರಿಚಿತನೊಬ್ಬ ತನ್ನ ಅಡ್ಡಹೆಸರು ಹೇಳಿದ ಕೂಡಲೇ ಕೇಳಿದವರಿಗೆ ಅವನ ಕಸುಬಿನ ಮೂಲ, ಜಾತಿ, ಎಷ್ಟೋ ಸಲ ಊರು ಮತ್ತು ಓಣಿ ಕೂಡ ಹೊಳೆದುಬಿಡುತ್ತವೆ. ಮದುವೆ ಮಾತುಕತೆಯಲ್ಲಿ ಅದು ಅನುಕೂಲ ಎನಿಸಬಹುದು. ಕಣಕ್ಕೆ ಇಳಿಯುವ ಹುಡುಗನಿಗೆ ಅದು ಬೇಕಾಗಿಲ್ಲ. ಅವನಿಗೆ ಬೇಕಾದದ್ದು ತನ್ನ ಕಸುವನ್ನಷ್ಟೇ ಹೇಳುವ, ಹಿಂದಿನದೇನನ್ನೂ ಎಳೆದು ತರದ ಹೆಸರು. ಹಿಂದಿಯ ಭಾಯ್, ಡಾನ್, ಖಿಲಾಡಿಗಳಿಗೆ ಈ ಸೀಮೆಯಲ್ಲಿ ಯಾವ ಮನೆತನವೂ ಇಲ್ಲ, ಓಣಿಯೂ ಇಲ್ಲ. ಅವುಗಳ ಆಕರ್ಷಣೆಯ ಬೇರು ಇಲ್ಲಿದೆ ಎಂಬುದು ಈ ಲೇಖಕನ ನಿಲುವು. ಸಿನಿಮಾ, ಫ್ಯಾಷನ್, ಬೇರೆ ಭಾಷೆಯ ಮೋಹ ಇವೆಲ್ಲ ಅದರ ಮೇಲೆ ಬೆಳೆದವು.

ಕನ್ನಡದ ಯಜಮಾನಿಕೆಯ ಮಾತುಗಳನ್ನು ಪಕ್ಕದಲ್ಲಿಟ್ಟು ನೋಡಿದರೆ ಇದು ಇನ್ನೂ ಸ್ಪಷ್ಟವಾಗುತ್ತದೆ. ಗೌಡ, ಪಾಟೀಲ, ದೇಸಾಯಿ, ನಾಯಕ ಎಂದರೆ ಹುದ್ದೆಯ ಜತೆ ಕುಲವೂ ಬರುತ್ತದೆ. ಅಣ್ಣ, ಕಾಕಾ, ಮಾವ ಎಂದರೆ ವಯಸ್ಸು ಮತ್ತು ಸಂಬಂಧದ ಲೆಕ್ಕ ಬರುತ್ತದೆ. ಹದಿನಾರರ ಹುಡುಗನನ್ನು ಇಪ್ಪತ್ತೈದರವನು ಅಣ್ಣಾ ಎನ್ನಲಾರ. ಆದರೆ ಭಾಯ್ ಎನ್ನಲು ಯಾರಿಗೂ ಅಡ್ಡಿಯಿಲ್ಲ. ಹಿಂದಿಯಲ್ಲಿ ಅದು ಅಣ್ಣನೂ ಹೌದು, ತಮ್ಮನೂ ಹೌದು. ಮುಂಬಯಿಯ ಬೀದಿಮಾತಿನಲ್ಲಿ ಅದಕ್ಕೆ ಭೂಗತ ಲೋಕದ ಒಡೆಯ ಎಂಬ ಅರ್ಥ ಸೇರಿಕೊಂಡಿತು. ಮೊಬೈಲ್ ಆಟದಲ್ಲಿ ಅದು ತಂಡವನ್ನು ಗೆಲ್ಲಿಸಿಕೊಡುವ ಕೈಚಳಕದವನನ್ನು ಸೂಚಿಸುತ್ತದೆ. ಒಂದೇ ಮಾತಿನಲ್ಲಿ ಸಲಿಗೆಯೂ ಅಂಜಿಕೆಯೂ ಕೂಡಿರುವುದು ಅದರ ವಿಶೇಷ.

ಕಾಂತೇಶ ಮತ್ತು ಕನಕ

ಕದರಮಂಡಲಗಿ ಬ್ಯಾಡಗಿ ತಾಲ್ಲೂಕಿನ ಊರು. ಇಲ್ಲಿನ ಆಂಜನೇಯ ಕಾಂತೇಶನೆಂದು ಪ್ರಸಿದ್ಧ. ಶಿವಮೊಗ್ಗ ಜಿಲ್ಲೆಯ ಶಿಕಾರಿಪುರದ ಹನುಮ ಭ್ರಾಂತೇಶ, ಹಿರೇಕೆರೂರು ತಾಲ್ಲೂಕಿನ ಸಾತೇನಹಳ್ಳಿಯ ಹನುಮ ಶಾಂತೇಶ. ಈ ಮೂವರನ್ನೂ ಒಂದೇ ದಿನ ದರ್ಶನ ಮಾಡಿದರೆ ಪುಣ್ಯ ಎಂಬ ನಂಬಿಕೆ ಇದೆ. ಶ್ರಾವಣದಲ್ಲಿ, ಶನಿವಾರಗಳಲ್ಲಿ ಮೂರೂ ಊರು ಸುತ್ತುವ ಭಕ್ತರಿದ್ದಾರೆ. ದೇವರು ಒಬ್ಬನೇ, ಊರಿಗೊಂದು ಹೆಸರು, ಆ ಹೆಸರುಗಳಿಗೆ ಒಂದೇ ಪ್ರಾಸ. ಕೇಳಿದವರು ಮರೆಯದಂತೆ ಹೆಸರು ಕಟ್ಟುವ ಕಲೆ ಈ ಸೀಮೆಗೆ ಹೊಸದಲ್ಲ ಎನ್ನಲು ಇದಕ್ಕಿಂತ ಒಳ್ಳೆಯ ನಿದರ್ಶನ ಸಿಗುವುದು ಕಷ್ಟ. ಕಾಂತೇಶ ಎಂಬುದು ಈ ಸುತ್ತಿನಲ್ಲಿ ಗಂಡುಮಕ್ಕಳಿಗೆ ಇಡುವ ಹೆಸರೂ ಆಗಿದೆ.

ಕದರಮಂಡಲಗಿಗೆ ಕನಕದಾಸರ ನೆನಪೂ ತಳುಕು ಹಾಕಿಕೊಂಡಿದೆ. ಅವರು ‘ಮೋಹನತರಂಗಿಣಿ’ಯನ್ನು ಇಲ್ಲಿ ರಚಿಸಿದರೆಂಬ ಪ್ರತೀತಿ ಇದೆ. ಅವರ ನೆಲೆಯಾದ ಕಾಗಿನೆಲೆ ಇದೇ ತಾಲ್ಲೂಕಿನಲ್ಲಿದೆ. ಹುಟ್ಟೂರು ಬಾಡ ಇದೇ ಜಿಲ್ಲೆಯಲ್ಲಿದೆ. ಹುಟ್ಟಿದಾಗ ಅವರ ಹೆಸರು ತಿಮ್ಮಪ್ಪ. ನೆಲ ಅಗೆಯುವಾಗ ಹೊನ್ನು ಸಿಕ್ಕಿ, ಅದನ್ನು ಜನರಿಗೆ ಹಂಚಿ ಕನಕನಾಯಕನೆನಿಸಿಕೊಂಡರು ಎಂಬುದು ಎಲ್ಲರಿಗೂ ಗೊತ್ತಿರುವ ಐತಿಹ್ಯ. ಅಂದರೆ ಕನಕ ಎಂಬುದು ಜನ ಕೊಟ್ಟ ಹೆಸರು. ತಂದೆತಾಯಿ ಇಟ್ಟ ಹೆಸರು ಚರಿತ್ರೆಯ ಪುಟದಲ್ಲಿ ಹಿಂದೆ ಸರಿದು, ಮಾಡಿದ ಕೆಲಸಕ್ಕಾಗಿ ಜನ ಕರೆದ ಹೆಸರು ಐದು ಶತಮಾನ ಬಾಳಿದೆ.

ಆಧುನಿಕ ಕಾಲದಲ್ಲಿ ಇದೇ ಜಿಲ್ಲೆಯ ಇಬ್ಬರು ದೊಡ್ಡ ಬರಹಗಾರರು ಮೊಟಕು ಹೆಸರಿನಿಂದಲೇ ನಾಡಿಗೆ ಪರಿಚಿತರಾದರು. ಕುರುಬಗೊಂಡದಲ್ಲಿ ಹುಟ್ಟಿದ ಪಾಟೀಲ ಪುಟ್ಟಪ್ಪ ‘ಪಾಪು’, ಹತ್ತಿಮತ್ತೂರಿನ ಚಂದ್ರಶೇಖರ ಪಾಟೀಲ ‘ಚಂಪಾ’. ಮೊದಲಕ್ಷರಗಳನ್ನು ಕೂಡಿಸಿ ಹೊಸ ಹೆಸರು ಮಾಡುವ ಈ ಕನ್ನಡದ ದಾರಿ ಮೊಬೈಲ್ ಆಟದ ತಂಡಗಳು ತಮ್ಮ ಹೆಸರಿನ ಹಿಂದೆ ಎರಡು ಮೂರು ಅಕ್ಷರಗಳ ಗುರುತು ಹಚ್ಚಿಕೊಳ್ಳುವ ಪದ್ಧತಿಗೆ ತೀರ ಹತ್ತಿರ. ಇಬ್ಬರ ಹೆಸರಿನಲ್ಲೂ ಇದ್ದ ಪಾಟೀಲ ಎಂಬ ಹುದ್ದೆಯ ಗುರುತು ಆ ಎರಡಕ್ಷರದೊಳಗೆ ಕರಗಿಹೋದದ್ದನ್ನೂ ಗಮನಿಸಬೇಕು.

ಗರಡಿಯಿಂದ ಬಂದ ನುಡಿ

ಹಿಂದಿಯ ಮಾತು ಈ ಕಡೆಯ ಆಟಗಳಿಗೆ ದೂರದರ್ಶನದ ಜತೆ ಬಂದದ್ದೆಂದು ತಿಳಿಯುವವರು ಗರಡಿಮನೆಯನ್ನು ಮರೆತಿರುತ್ತಾರೆ. ಬಿಜಾಪುರದ ಆದಿಲಶಾಹಿ, ಅದರ ನಂತರ ಸವಣೂರಿನ ನವಾಬರು, ಮರಾಠರ ಆಳ್ವಿಕೆ, ಆಮೇಲೆ 1956ರವರೆಗೆ ಮುಂಬಯಿ ಪ್ರಾಂತದ ಆಡಳಿತ – ಇಷ್ಟು ಕಾಲ ದಖನಿ, ಮರಾಠಿ, ಹಿಂದುಸ್ತಾನಿಗಳು ಇಲ್ಲಿನ ಕನ್ನಡದೊಡನೆ ಒಡನಾಡಿವೆ. ಸವಣೂರು ಇಂದು ಹಾವೇರಿ ಜಿಲ್ಲೆಯದೇ ತಾಲ್ಲೂಕು. ದೋಸ್ತ, ಭಾರಿ, ಮಸ್ತ, ಖರೆ, ಜಲ್ದಿ ಎಂಬ ಮಾತುಗಳಿಲ್ಲದೆ ಇಲ್ಲಿನ ಹುಡುಗರ ಒಂದು ಸಂಜೆಯೂ ಕಳೆಯುವುದಿಲ್ಲ. ಇವನ್ನು ಯಾರೂ ಹಿಂದಿ ಎಂದುಕೊಂಡು ಆಡುವುದಿಲ್ಲ.

ಕುಸ್ತಿಯ ನುಡಿಗಟ್ಟಿನಲ್ಲಿ ಈ ಬೆರಕೆ ಇನ್ನೂ ದಟ್ಟ. ಆಡುವವನು ಪೈಲ್ವಾನ, ಕಲಿಸುವವನು ಉಸ್ತಾದ ಅಥವಾ ವಸ್ತಾದ, ಸೆಣಸುವ ಜಾಗ ಅಖಾಡ. ಪಟ್ಟು ಮಾತ್ರ ಕನ್ನಡದ್ದು. ಗೋಡೆಯ ಗೂಡಿನಲ್ಲಿ ಹನುಮಂತ, ಕೆಳಗೆ ಕೆಂಪು ಮಣ್ಣು. ಆ ಮಣ್ಣಿಗೆ ಇಳಿಯುವಾಗ ಜಾತಿ ಹೊರಗೆ ಎಂಬುದು ಗರಡಿಯ ಮರ್ಯಾದೆ. ಹಿಂದೂ ಮುಸಲ್ಮಾನ ಹುಡುಗರು ಒಂದೇ ಉಸ್ತಾದನ ಕೈಕೆಳಗೆ ಸಾಮು ಮಾಡಿದ ಊರುಗಳು ಈ ಭಾಗದಲ್ಲಿ ಬೇಕಾದಷ್ಟಿವೆ. ಅಡ್ಡಹೆಸರನ್ನು ಹೊಸ್ತಿಲಲ್ಲಿ ಬಿಟ್ಟು ಪೈಲ್ವಾನ ಎಂಬ ಒಂದೇ ಹೆಸರಿನಲ್ಲಿ ನಿಲ್ಲುವುದು ಸಾಧ್ಯವಾದದ್ದು ಅಲ್ಲಿಯೇ.

ಕುಸ್ತಿಯ ಬಿರುದುಗಳಲ್ಲಿಯೂ ಇದೇ ಹಾದಿ ಕಾಣುತ್ತದೆ. ಪಾರಸಿ ಕಾವ್ಯದ ವೀರ ರುಸ್ತುಮನ ಹೆಸರು ಉಪಖಂಡದ ಮಲ್ಲರಿಗೆ ಬಿರುದಾಯಿತು. ಗಾಮಾ ಪೈಲ್ವಾನ ರುಸ್ತುಂ-ಎ-ಹಿಂದ್ ಎನಿಸಿದ. ಸ್ವಾತಂತ್ರ್ಯಾನಂತರ ಹಿಂದ್ ಕೇಸರಿ ಬಂತು. 1959ರಲ್ಲಿ ಆ ಬಿರುದನ್ನು ಮೊಟ್ಟಮೊದಲು ಗೆದ್ದ ಶ್ರೀಪತಿ ಖಂಚನಾಳೆ ಬೆಳಗಾವಿ ಜಿಲ್ಲೆಯ ಯಕ್ಸಂಬಾದಲ್ಲಿ ಹುಟ್ಟಿದವರು, ಕೊಲ್ಹಾಪುರದ ತಾಲೀಮಿನಲ್ಲಿ ಪಳಗಿದವರು. ಕರ್ನಾಟಕ ಕೇಸರಿ, ದಸರಾ ಕೇಸರಿ ಎಂಬ ಬಿರುದುಗಳು ಅದೇ ಮಾದರಿಯವು. ಕೇಸರಿ ಎಂದರೆ ಸಿಂಹ. ಸಂಸ್ಕೃತದ ಮಾತು, ಹಿಂದಿಯ ಹಾದಿಯಲ್ಲಿ ಬಂದು ಕನ್ನಡದ ಕಣದಲ್ಲಿ ನಿಂತಿದೆ.

ಹೋರಿಯ ಹೆಸರು

ಈ ಸೀಮೆಯ ಅಖಾಡದ ಹೆಸರುಗಳ ನಿಜವಾದ ಸಂಪತ್ತು ಇರುವುದು ಹೋರಿ ಹಬ್ಬದಲ್ಲಿ. ದೀಪಾವಳಿಯ ಬಲಿಪಾಡ್ಯಮಿಯಿಂದ ಶುರುವಾಗಿ ಮುಂದಿನ ಕೆಲವು ತಿಂಗಳು ಹಾವೇರಿ ಜಿಲ್ಲೆಯ ಹಳ್ಳಿಗಳಲ್ಲಿ, ಪಕ್ಕದ ಶಿಕಾರಿಪುರ, ಸೊರಬ, ಹೊನ್ನಾಳಿ ಕಡೆಗಳಲ್ಲಿ ಹೋರಿ ಬೆದರಿಸುವ ಸ್ಪರ್ಧೆಗಳು ನಡೆಯುತ್ತವೆ. ತಿಂಗಳುಗಟ್ಟಲೆ ಮೇವು, ಹಿಂಡಿ, ಕಾಳು ತಿನ್ನಿಸಿ, ಕೆರೆಯಲ್ಲಿ ಈಜಿಸಿ ಕಸುವುಗೊಳಿಸಿದ ಹೋರಿಗೆ ಬಣ್ಣದ ಜೂಲ ಹೊದಿಸಿ, ಗೆಜ್ಜೆ ಕಟ್ಟಿ, ಕೋಡಿಗೆ ಬಲೂನು ಮತ್ತು ರಿಬ್ಬನ್ನು ಬಿಗಿದು, ಕೊರಳಿಗೆ ಒಣಕೊಬ್ಬರಿಯ ಸರ ಹಾಕುತ್ತಾರೆ. ಎರಡೂ ಕಡೆ ಜನ ಕಿಕ್ಕಿರಿದ ದಾರಿಯಲ್ಲಿ ಅದು ಒಂದೇ ಉಸಿರಿಗೆ ನುಗ್ಗುತ್ತದೆ. ಅದರ ಮೈಮೇಲೆ ಬಿದ್ದು ಕೊಬ್ಬರಿ ಹರಿಯಲು ಪೈಲ್ವಾನರು ಕಾದಿರುತ್ತಾರೆ. ಕೈಗೆ ಸಿಗದೆ ಓಡಿದ ಹೋರಿ ಗೆದ್ದಂತೆ, ಕೊಬ್ಬರಿ ಕಿತ್ತ ಪೈಲ್ವಾನನೂ ಗೆದ್ದಂತೆ. ಬೈಕು, ಬಂಗಾರ, ಫ್ರಿಜ್ಜು ಬಹುಮಾನವಾಗಿ ಬರುವುದುಂಟು. ಹೋರಿ ಬಿಡುವ ಜಾಗವನ್ನೂ ಜನ ಅಖಾಡ ಎಂದೇ ಕರೆಯುತ್ತಾರೆ, ಹಿಡಿಯುವವನನ್ನು ಪೈಲ್ವಾನ ಎಂದೇ. ಗರಡಿಯ ನುಡಿ ಇಡಿಯಾಗಿ ಇಲ್ಲಿಗೆ ಬಂದಿದೆ.

ಮನೆಯ ದನಕ್ಕೆ ರೈತರು ಬಸವ, ರಾಮ, ಲಕ್ಷ್ಮಣ, ಕೆಂದ, ಬಿಳಿಯ ಎನ್ನುತ್ತಾರೆ. ಹಬ್ಬದ ಹೋರಿಗೆ ಅದು ಸಾಲದು. ಮೈಕಿನಲ್ಲಿ ಕೂಗುವವನ ಬಾಯಿಗೆ ತುಂಬಿ ಬರಬೇಕು, ಬ್ಯಾನರಿನ ಮೇಲೆ ದಪ್ಪಕ್ಷರದಲ್ಲಿ ನಿಲ್ಲಬೇಕು, ಅಭಿಮಾನಿ ಬಳಗದ ಹುಡುಗರ ಟೀ ಶರ್ಟಿನ ಬೆನ್ನಿಗೆ ಹೊಂದಬೇಕು. ಹಾಗಾಗಿ ಊರಿನ ಹೆಸರಿನ ಪಕ್ಕದಲ್ಲಿ ಹುಲಿ, ಚಿರತೆ, ಡಾನ್, ರಾಜಾ, ರಾಕ್‌ಸ್ಟಾರ್ ಬಂದು ಕೂಡುತ್ತವೆ. ರಚನೆ ಸರಳ: ಮೊದಲರ್ಧ ಊರು, ಅದು ಅಚ್ಚಗನ್ನಡ, ಉಳಿದರ್ಧ ಪರಾಕ್ರಮ, ಅದು ಎಲ್ಲಿಂದಲಾದರೂ ಬರಬಹುದು. ಸಾಕಿದವನ ಅಡ್ಡಹೆಸರು ಈ ಹೆಸರಿನಲ್ಲಿ ಇರುವುದಿಲ್ಲ. ಹೋರಿಯ ಹೊಟ್ಟೆಗೆ ಹಾಕುವ ಖರ್ಚು ಒಂದು ಮನೆಯದಾದರೂ ಹೆಸರು ಊರಿನದು. ಅದನ್ನು ಹಿಡಿದು ಕೂಗುವವರಲ್ಲಿ ಎಲ್ಲ ಓಣಿಯವರೂ ಇರುತ್ತಾರೆ. ಊರೊಳಗೆ ಹೆಸರಿಗೂ ಹೆಸರಿಗೂ ನಡುವೆ ಇರುವ ಗೋಡೆ ಆ ಒಂದು ಗಳಿಗೆಗೆ ಇಲ್ಲವಾಗುವುದನ್ನು ನೋಡಿದವರಿಗೆ ಈ ಹೆಸರುಗಳನ್ನು ಬರಿಯ ಶೋಕಿ ಎಂದು ತಳ್ಳಿಹಾಕಲು ಮನಸ್ಸು ಬಾರದು.

ಡಾನ್ ಎಂಬುದು ಸ್ಪೇನ್, ಇಟಲಿಗಳಲ್ಲಿ ಗೌರವದ ಪೂರ್ವಪದ. ನಮ್ಮಲ್ಲಿಗೆ ಅದು ಬಂದದ್ದು 1978ರ ಅಮಿತಾಭ್ ಬಚ್ಚನ್ ಚಿತ್ರದ ಮೂಲಕ, ಹಿಂದಿ ಮಾತಾಗಿಯೇ. ಗಬ್ಬರ್ ಎಂಬುದಂತೂ ನಮ್ಮ ನೆಲದಲ್ಲಿಯೇ ಮೈದಳೆದ ಹೆಸರು. 1975ರ ‘ಶೋಲೆ’ಯ ಬಂಡೆಗಳು ರಾಮನಗರದವು. ಕ್ರಿಕೆಟಿಗ ಶಿಖರ್ ಧವನ್‌ಗೂ ಅದೇ ಹೆಸರು ಅಂಟಿದೆ. ಖಳನಾಯಕನ ಹೆಸರನ್ನು ಆಟಗಾರ ಸಂತೋಷದಿಂದ ತೊಡುವುದು ಅಖಾಡದಲ್ಲಿ ಮಾತ್ರ ಸಾಧ್ಯ. ಎದುರಾಳಿಯಲ್ಲಿ ಅಂಜಿಕೆ ಹುಟ್ಟಿಸುವುದು ಅಲ್ಲಿ ಹೆಸರಿನ ಕೆಲಸ, ನೀತಿ ಹೇಳುವುದಲ್ಲ.

ಎಲ್ಲವೂ ಹಿಂದಿಯಿಂದ ಬರುತ್ತದೆ ಎನ್ನಲಾಗದು. 2021ರ ಅಕ್ಟೋಬರ್ 29ರಂದು ಪುನೀತ್ ರಾಜಕುಮಾರ್ ತೀರಿಕೊಂಡರು. ಒಂದೇ ವಾರಕ್ಕೆ ಬಲಿಪಾಡ್ಯಮಿ. ಆ ವರ್ಷದ ಹೋರಿ ಹಬ್ಬದಲ್ಲಿ ಅವರ ಭಾವಚಿತ್ರ ಹೊತ್ತ ಹೋರಿಗಳು ಓಡಿದವು. ಲೋಹಿತ್ ಎಂಬ ಹುಟ್ಟು ಹೆಸರು, ಪುನೀತ್ ಎಂಬ ತೆರೆಯ ಹೆಸರು, ಪವರ್ ಸ್ಟಾರ್ ಎಂಬ ಬಿರುದು ಇವೆಲ್ಲವನ್ನೂ ಹಿಂದಿಕ್ಕಿ ಜನರ ಬಾಯಲ್ಲಿ ನಿಂತದ್ದು ಮನೆಯಲ್ಲಿ ಕರೆಯುತ್ತಿದ್ದ ಅಪ್ಪು. ಮುದ್ದಿನ ಹೆಸರೂ ಅಖಾಡಕ್ಕೆ ಸಲ್ಲುತ್ತದೆ ಎಂಬುದಕ್ಕೆ ಇದು ಸಾಕ್ಷಿ. ಪ್ರೀತಿ ಆ ಮಟ್ಟದ್ದಿರಬೇಕು, ಅಷ್ಟೆ.

ಈ ಹಬ್ಬಕ್ಕೆ ಕಹಿ ಮುಖವೂ ಇದೆ. ಹೋರಿ ತಿವಿದು, ತುಳಿದು ಜನ ಸತ್ತ ಸುದ್ದಿ ದೀಪಾವಳಿಯ ಆಸುಪಾಸಿನಲ್ಲಿ ಮತ್ತೆ ಮತ್ತೆ ಬರುತ್ತದೆ. ಸತ್ತವರಲ್ಲಿ ನೋಡಲು ನಿಂತ ವಯಸ್ಸಾದವರೂ ಇರುತ್ತಾರೆ. 2014ರ ಮೇ 7ರಂದು ಸುಪ್ರೀಂ ಕೋರ್ಟು ಜಲ್ಲಿಕಟ್ಟನ್ನು ನಿಷೇಧಿಸಿದ ಮೇಲೆ ಹೋರಿ, ಕೋಣಗಳ ಆಟಗಳೆಲ್ಲ ಪ್ರಶ್ನೆಗೊಳಗಾದವು. ಕಂಬಳ ಮತ್ತು ಎತ್ತಿನ ಓಟಗಳನ್ನು ಉಳಿಸಿಕೊಳ್ಳಲು ಕರ್ನಾಟಕ 2017ರಲ್ಲಿ ಕಾನೂನಿಗೆ ತಿದ್ದುಪಡಿ ತಂದಿತು. 2023ರ ಮೇ 18ರಂದು ಸಂವಿಧಾನ ಪೀಠ ತಮಿಳುನಾಡು, ಮಹಾರಾಷ್ಟ್ರಗಳ ತಿದ್ದುಪಡಿಗಳ ಜತೆ ಅದನ್ನೂ ಎತ್ತಿಹಿಡಿಯಿತು. ಹೆಸರಿನ ಅಬ್ಬರ ಹೆಚ್ಚಿದಷ್ಟೂ ದಾರಿಯ ಬದಿಯಲ್ಲಿ ಗಟ್ಟಿ ಬೇಲಿ ಇರಬೇಕಾದ ಅಗತ್ಯವೂ ಹೆಚ್ಚುತ್ತದೆ.

ಕಾ ರಾಜಾ

ಮುಂಬಯಿಯ ಲಾಲಬಾಗಿನಲ್ಲಿ 1934ರಿಂದ ಕೂರುತ್ತಿರುವ ಗಣಪತಿಗೆ ಮರಾಠಿಯಲ್ಲಿ ಲಾಲಬಾಗಚಾ ರಾಜಾ ಎಂದು ಹೆಸರು. ಆ ಮಾದರಿ ತೆಂಕಣಕ್ಕೆ ಬರುವಾಗ ಮರಾಠಿಯ ‘ಚಾ’ ಉದುರಿ ಹಿಂದಿಯ ‘ಕಾ’ ಬಂತು. ಹುಬ್ಬಳ್ಳಿಯಲ್ಲಿ ಹುಬ್ಬಳ್ಳಿ ಕಾ ರಾಜಾ, ರಾಣೆಬೆನ್ನೂರಿನಲ್ಲಿ ರಾಣೆಬೆನ್ನೂರು ಕಾ ರಾಜಾ. ಹುಬ್ಬಳ್ಳಿಯ ರಾಜ ಎಂದರೆ ಅದು ಸಂಬಂಧವನ್ನು ಹೇಳುವ ಮಾತಷ್ಟೇ ಆಗುತ್ತದೆ. ನಡುವೆ ಕಾ ಸೇರಿದರೆ ಮೊದಲೂ ಕೊನೆಯೂ ಒತ್ತಿ ಹೇಳಿದಂತಾಗಿ ಘೋಷಣೆಯ ಲಯ ಬರುತ್ತದೆ. ಮೆರವಣಿಗೆಯ ಡೊಳ್ಳಿಗೂ ಡಿಜೆಗೂ ಅದು ಹೊಂದುತ್ತದೆ. ಗಣಪತಿಯಿಂದ ಹೋರಿಗೆ, ಹೋರಿಯಿಂದ ಮೊಬೈಲ್ ಆಟದ ಹೆಸರಿಗೆ ಈ ಅಚ್ಚು ಸುಲಭವಾಗಿ ದಾಟಿದೆ.

ತೆರೆಯಿಂದ ಪರದೆಗೆ

2018ರ ಡಿಸೆಂಬರಿನಲ್ಲಿ ತೆರೆಕಂಡ ‘ಕೆ.ಜಿ.ಎಫ್’ ಈ ಕಥೆಯಲ್ಲಿ ಮುಖ್ಯ ತಿರುವು. ನಾಯಕನ ಹುಟ್ಟು ಹೆಸರು ರಾಜಾ ಕೃಷ್ಣಪ್ಪ ಬೈರ್ಯ. ಬೊಂಬಾಯಿಗೆ ಹೋದ ಹುಡುಗ ಅಲ್ಲಿ ರಾಕಿಯಾಗುತ್ತಾನೆ, ಜನರ ಬಾಯಲ್ಲಿ ರಾಕಿ ಭಾಯ್ ಆಗುತ್ತಾನೆ. ಮನೆಯ ಹೆಸರನ್ನು ಕಳಚಿ ಬೀದಿಯ ಹೆಸರನ್ನು ತೊಡುವ ಕಥೆಯೇ ಅದು. 2022ರ ಏಪ್ರಿಲ್ 14ರಂದು ಎರಡನೆಯ ಭಾಗ ಬಂದಾಗ ಕನ್ನಡದ ನಾಯಕನೊಬ್ಬ ಹಿಂದಿಯ ಆಡುಮಾತಿನ ಹೆಸರಿನಲ್ಲಿ ದೇಶದ ಉದ್ದಗಲಕ್ಕೆ ಪರಿಚಿತನಾದ. ಕಡ ತಂದ ಮಾತನ್ನು ಕನ್ನಡ ಬಡ್ಡಿ ಸಮೇತ ಹಿಂದಿರುಗಿಸಿದ ಸಂದರ್ಭ ಇದು. ಈ ಹೆಸರು ನಮ್ಮ ಹುಡುಗರಿಗೆ ಕೊಟ್ಟ ಧೈರ್ಯ ಸಣ್ಣದಲ್ಲ.

ಕಬಡ್ಡಿಯಲ್ಲಿ ಇನ್ನೊಂದು ಬಗೆ. ಎದುರಾಳಿಗಳ ಸರಪಳಿಯ ಕೆಳಗೆ ಬಾಗಿ ನುಸುಳುವ ಪಟ್ಟಿಗೆ ಹಿಂದಿಯಲ್ಲಿ ಡುಬ್ಕಿ, ಅಂದರೆ ಮುಳುಗು, ಎನ್ನುತ್ತಾರೆ. ಅದರಲ್ಲಿ ನಿಸ್ಸೀಮನಾದ ಹರಿಯಾಣದ ಪರದೀಪ್ ನರ್ವಾಲ್ ಡುಬ್ಕಿ ಕಿಂಗ್ ಎನಿಸಿದ. ಪ್ರೊ ಕಬಡ್ಡಿಯಲ್ಲಿ ಅವನ ಆಟ ಶುರುವಾದದ್ದು ಬೆಂಗಳೂರು ಬುಲ್ಸ್ ತಂಡದಲ್ಲಿ. 2024ರಲ್ಲಿ ಮತ್ತೆ ಅದೇ ತಂಡಕ್ಕೆ ಬಂದ. ಇಲ್ಲಿ ಹೆಸರು ಅಬ್ಬರಕ್ಕೆ ಕಟ್ಟಿದ್ದಲ್ಲ, ಒಂದು ಕೌಶಲಕ್ಕೆ ಸಂದದ್ದು. ಅಖಾಡದ ಹೆಸರುಗಳಲ್ಲಿ ಹೆಚ್ಚು ಮರ್ಯಾದೆಯದು ಈ ಬಗೆ.

ಮೊಬೈಲ್ ಆಟಗಳ ಕಾಲ ನಮ್ಮ ಹಳ್ಳಿಗಳಲ್ಲಿ ಶುರುವಾದದ್ದು ಅಗ್ಗದ ಡೇಟಾ ಮತ್ತು ಅಗ್ಗದ ಫೋನು ಒಟ್ಟಿಗೆ ಬಂದ ಮೇಲೆ. 2017ರಲ್ಲಿ ಫ್ರೀ ಫೈರ್, 2018ರಲ್ಲಿ ಪಬ್‌ಜಿ ಮೊಬೈಲ್ ಬಂದವು. ಆಟಕ್ಕೆ ಸೇರುವ ಮೊದಲು ಆಟಗಾರ ಹೆಸರೊಂದನ್ನು ಬರೆಯಲೇಬೇಕು. ಅಕ್ಷರಗಳು ಕೆಲವೇ, ಬೇರೆ ಯಾರೋ ಇಟ್ಟುಕೊಂಡಿರುವ ಹೆಸರು ಸಿಗುವುದಿಲ್ಲ. ಆಗ ಅಕ್ಷರಗಳ ಮೇಲೆ ಚುಕ್ಕೆ, ಕಿರೀಟ, ಬಳ್ಳಿ ಬರುತ್ತವೆ, ಕೊನೆಗೆ ಅಂಕಿ ಸೇರುತ್ತದೆ. ಹಿಂದಿಯ ಆಡುಮಾತು ಈ ಇಕ್ಕಟ್ಟಿಗೆ ಹೇಳಿ ಮಾಡಿಸಿದಂತಿದೆ. ಭಾಯ್, ಡಾನ್, ದಾದಾ ಎಲ್ಲವೂ ಒಂದೆರಡು ಉಚ್ಚಾರದಲ್ಲಿ ಮುಗಿಯುತ್ತವೆ, ರೋಮನ್ ಲಿಪಿಯಲ್ಲಿ ಮೂರು ನಾಲ್ಕು ಅಕ್ಷರ ಸಾಕು.

ಇನ್ನೊಂದು ಕಾರಣ ಆಟದ ಒಳಗೇ ಇದೆ. ನಾಲ್ವರ ತಂಡದಲ್ಲಿ ಒಬ್ಬ ಬ್ಯಾಡಗಿಯವನಾದರೆ ಇನ್ನೊಬ್ಬ ಪಟ್ನಾದವನು, ಮತ್ತೊಬ್ಬ ಸೂರತ್‌ನವನು ಇರಬಹುದು. ಕಿವಿಗೆ ಸಿಕ್ಕಿಸಿದ ಇಯರ್‌ಫೋನಿನಲ್ಲಿ ಹರಿಯುವುದು ಹಿಂದಿ. ಗುಂಡು ಹಾರುವ ಹೊತ್ತಿಗೆ ಕೂಗಲು ಬರುವಂಥ ಹೆಸರಿದ್ದವನಿಗೆ ನೆರವು ಬೇಗ ಬರುತ್ತದೆ. ಬ್ಯಾಡಗಿಯ ಮೆಣಸಿನಕಾಯಿ ಪೇಟೆಯಲ್ಲಿ ಹೊರರಾಜ್ಯಗಳ ವ್ಯಾಪಾರಿಗಳೊಡನೆ ಹಿಂದಿಯಲ್ಲಿ ಲೆಕ್ಕ ಹೇಳುವವರನ್ನು ಕಂಡು ಬೆಳೆದ ಹುಡುಗನಿಗೆ ಇದರಲ್ಲಿ ವಿಚಿತ್ರವೇನೂ ತೋರುವುದಿಲ್ಲ.

ಫ್ರೀ ಫೈರ್ ಆಡುವ ಹುಡುಗರ ಆರಾಧ್ಯ ಗುಜರಾತಿನ ಅಹಮದಾಬಾದಿನ ಅಜ್ಜುಭಾಯ್. ಟೋಟಲ್ ಗೇಮಿಂಗ್ ಎಂಬ ಯೂಟ್ಯೂಬ್ ವಾಹಿನಿ ನಡೆಸುವ ಈತ ವರ್ಷಗಟ್ಟಲೆ ಮುಖ ತೋರಿಸದೆ ಬರಿಯ ದನಿ ಮತ್ತು ಹೆಸರಿನಿಂದ ಕೋಟ್ಯಂತರ ಜನರನ್ನು ಗಳಿಸಿದ. 2024ರಲ್ಲಿ ಮೊದಲ ಸಲ ಮುಖ ತೋರಿಸಿದ. ಆವರೆಗೆ ಅವನ ಜಾತಿ, ಮನೆ, ಚಹರೆ ಯಾವುದೂ ನೋಡುಗರಿಗೆ ಬೇಕಾಗಿರಲಿಲ್ಲ. ಹೆಸರೊಂದೇ ಇಡೀ ಮನುಷ್ಯನಾಗಿ ನಿಲ್ಲಬಲ್ಲದು ಎಂದು ಇಷ್ಟು ಪೂರ್ತಿಯಾಗಿ ತೋರಿಸಿಕೊಟ್ಟ ಇನ್ನೊಂದು ಪ್ರಸಂಗ ಸಿಗಲಾರದು.

ಮುಂಬಯಿಯ ಆಡುಮಾತಿನ ಭಿಡು ಎಂಬ ಸಂಬೋಧನೆಗೆ ಮರಾಠಿಯಲ್ಲಿ ಆಟದ ಜತೆಗಾರ ಎಂದೇ ಅರ್ಥ. ನಟ ಜಾಕಿ ಶ್ರಾಫ್ ಅದನ್ನು ತನ್ನ ಗುರುತಾಗಿಸಿಕೊಂಡು, ಜಗ್ಗು ದಾದಾ, ಭಿಡು ಮುಂತಾದ ಹೆಸರುಗಳನ್ನು ಇತರರು ಲಾಭಕ್ಕೆ ಬಳಸದಂತೆ 2024ರ ಮೇ ತಿಂಗಳಲ್ಲಿ ದೆಹಲಿ ಹೈಕೋರ್ಟಿಗೆ ಹೋದರು. ಇಂಥ ಹೆಸರು ಕಾನೂನು ಕಾಯಬೇಕಾದ ಆಸ್ತಿಯಾಗಿ ಬೆಳೆದಿದೆ.

ಹೆಸರಿನೊಳಗಿನ ನಂಜು

ಹಿಂದಿಯ ಆಡುಮಾತಿಗೆ ಇಲ್ಲಿ ಜಾತಿಯ ವಾಸನೆ ಇಲ್ಲ ಎಂದೆವು. ಆದರೆ ಅದು ಹುಟ್ಟಿದ ಕಡೆ ಇದ್ದೇ ಇರುತ್ತದೆ, ಕೆಲವೊಮ್ಮೆ ನಮ್ಮಲ್ಲಿಗೂ ಬರುತ್ತದೆ. ಛಪ್ರಿ ಎಂಬ ಮಾತು ಅದಕ್ಕೆ ಉದಾಹರಣೆ. ಬಣ್ಣ ಹಚ್ಚಿದ ಕೂದಲು, ಸದ್ದು ಮಾಡುವ ಬೈಕು, ಅಗ್ಗದ ಶೋಕಿಯ ಹುಡುಗರನ್ನು ಹೀಯಾಳಿಸಲು ಮೊಬೈಲ್ ಲೋಕ ಇದನ್ನು ಎಗ್ಗಿಲ್ಲದೆ ಬಳಸುತ್ತದೆ. ಕೆಲವರು ಸವಾಲಿನಂತೆ ತಮ್ಮ ಆಟದ ಹೆಸರಿಗೂ ಸೇರಿಸಿಕೊಳ್ಳುತ್ತಾರೆ. ಗುಡಿಸಲಿಗೆ ಹುಲ್ಲಿನ ಮಾಡು ಹೊದಿಸುವ ಕಸುಬಿನ ಛಪ್ಪರಬಂದ ಸಮುದಾಯದ ಹೆಸರಿನೊಡನೆ ಈ ಬೈಗುಳವನ್ನು ಹಲವರು ಜೋಡಿಸುತ್ತಾರೆ. ಛಪ್ಪರಬಂದರು ಉತ್ತರ ಕರ್ನಾಟಕದಲ್ಲಿ, ಮುಖ್ಯವಾಗಿ ವಿಜಯಪುರದ ಕಡೆ ಬಾಳುತ್ತಿರುವ ಜನ. ಬ್ರಿಟಿಷರ ಸರ್ಕಾರ ಅವರನ್ನು ಅಪರಾಧಿ ಬುಡಕಟ್ಟೆಂದು ಪಟ್ಟಿ ಮಾಡಿತ್ತು; ಸ್ವಾತಂತ್ರ್ಯದ ನಂತರ ಆ ಕಾನೂನು ರದ್ದಾದರೂ ಕಳಂಕ ಬೇಗ ತೊಲಗಲಿಲ್ಲ. ಇದೇ ಉತ್ತರ ಕರ್ನಾಟಕದ ಹುಡುಗನೊಬ್ಬನ ಕುಲಕ್ಕೆ ತಟ್ಟುವ ಮಾತನ್ನು ಹಾವೇರಿಯ ಹುಡುಗ ನಗುವಿನ ಹೆಸರೆಂದು ತೊಡುವುದು ನೋವಿನ ಸಂಗತಿ. ಅಖಾಡದ ಹೆಸರು ಕುಲವನ್ನು ಮರೆಸುವುದರಿಂದಲೇ ಬೆಲೆಯುಳ್ಳದ್ದು. ಈ ಮಾತು ಅದೇ ಬಾಗಿಲಿನಿಂದ ಕುಲವನ್ನು ಒಳಗೆ ತರುತ್ತದೆ.

ಹುಡುಗಿಯರ ಸ್ಥಿತಿ ಬೇರೆ. ಭಾಯ್, ದಾದಾ, ಡಾನ್, ರಾಜಾ ಎಲ್ಲವೂ ಗಂಡಿನ ಹೆಸರುಗಳು. ಆಡುವ ಹುಡುಗಿಯರು ಕಾಟ ತಪ್ಪಿಸಿಕೊಳ್ಳಲು ಗಂಡೋ ಹೆಣ್ಣೋ ತಿಳಿಯದ ಹೆಸರಿನ ಮರೆಯಲ್ಲಿ ನಿಲ್ಲುವುದು, ದನಿ ಕೇಳಿಸದಂತೆ ಮೈಕು ಮುಚ್ಚಿಡುವುದು ಎಲ್ಲೆಡೆಯ ರೂಢಿ. ಗಂಡುಹುಡುಗನಿಗೆ ಬಿಡುಗಡೆ ಕೊಡುವ ಹೆಸರು ಅವರಿಗೆ ಮುಸುಕಾಗಿದೆ. ಹೋರಿ ಹಬ್ಬದಲ್ಲಿಯೂ ಕಸುವಿನ ಹೆಸರುಗಳೆಲ್ಲ ಗಂಡಿನವೇ. ಮೇವು ಹಾಕಿ ಮೈ ತೊಳೆದು ಸಾಕುವ ಕೈಗಳಲ್ಲಿ ಹೆಣ್ಣುಮಕ್ಕಳ ಕೈಗಳೂ ಇವೆ.

ಹೆಸರಿನ ಬಾಳಿಕೆ

ಕುಸ್ತಿಯ ಬಿರುದು ಸಾಯುವತನಕ, ಸತ್ತ ಮೇಲೂ ಜತೆಗಿರುತ್ತದೆ. ಶ್ರೀಪತಿ ಖಂಚನಾಳೆ 2020ರ ಡಿಸೆಂಬರಿನಲ್ಲಿ ತೀರಿಕೊಂಡಾಗ ಪತ್ರಿಕೆಗಳು ಬರೆದದ್ದು ಹಿಂದ್ ಕೇಸರಿ ಎಂಬ ಮುಂಬೆಸರಿನೊಡನೆಯೇ, ಗೆದ್ದು ಅರವತ್ತೊಂದು ವರ್ಷಗಳಾದ ಮೇಲೆ. ಹೋರಿಯ ಹೆಸರು ಅದರ ಕಾಲಿನ ಕಸುವು ಇರುವಷ್ಟು ದಿನ ಮೈಕಿನಲ್ಲಿರುತ್ತದೆ. ಪ್ರಸಿದ್ಧ ಹೋರಿ ಸತ್ತರೆ ಹೂವಿನ ಮೆರವಣಿಗೆಯಲ್ಲಿ ಒಯ್ದು ಮಣ್ಣು ಮಾಡುವುದೂ ಇದೆ.

ಮೊಬೈಲ್ ಆಟದ ಹೆಸರಿನ ಆಯುಷ್ಯ ಆಟಗಾರನ ಕೈಯಲ್ಲಿಲ್ಲ. 2020ರ ಸೆಪ್ಟೆಂಬರ್ 2ರಂದು ಕೇಂದ್ರ ಸರ್ಕಾರ ನಿಷೇಧಿಸಿದ 118 ಆ್ಯಪ್‌ಗಳಲ್ಲಿ ಪಬ್‌ಜಿ ಮೊಬೈಲ್ ಒಂದು. ಅಕ್ಟೋಬರ್ ಕೊನೆಗೆ ಅದರ ಸರ್ವರ್ ನಿಂತಿತು. 2021ರ ಜುಲೈಯಲ್ಲಿ ಬಿಜಿಎಂಐ ಎಂಬ ಹೊಸ ರೂಪ ಬಂದಾಗ ಹಳೆಯ ಖಾತೆಯ ಗಳಿಕೆಯನ್ನು ಕೆಲವು ತಿಂಗಳ ಗಡುವಿನೊಳಗೆ ವರ್ಗಾಯಿಸಿಕೊಳ್ಳುವ ಅವಕಾಶ ಕೊಟ್ಟರು. ಮರುವರ್ಷ ಜುಲೈಯಲ್ಲಿ ಅದೂ ಆ್ಯಪ್ ಅಂಗಡಿಗಳಿಂದ ಮರೆಯಾಗಿ 2023ರ ಮೇ ಕೊನೆಗೆ ಮರಳಿತು. ಫ್ರೀ ಫೈರ್ 2022ರ ಫೆಬ್ರವರಿಯಲ್ಲಿ ನಿಷೇಧವಾಯಿತು; ಅದೇ ಖಾತೆಯಿಂದ ಆಡಬಹುದಾದ ಫ್ರೀ ಫೈರ್ ಮ್ಯಾಕ್ಸ್ ಉಳಿದುಕೊಂಡಿತು. 2025ರ ಆಗಸ್ಟಿನಲ್ಲಿ ಸಂಸತ್ತು ಒಪ್ಪಿದ ಆನ್‌ಲೈನ್ ಆಟಗಳ ಕಾಯ್ದೆ ಹಣ ಕಟ್ಟಿ ಆಡುವ ಆಟಗಳನ್ನು ತಡೆದು, ಇ-ಕ್ರೀಡೆಯನ್ನು ಕ್ರೀಡೆಯೆಂದು ಮಾನ್ಯ ಮಾಡಿತು. ಹೆಸರು ಬದಲಿಸಬೇಕೆಂದರೆ ಆಟದ ಅಂಗಡಿಯಲ್ಲಿ ರೀನೇಮ್ ಕಾರ್ಡ್ ಸಿಗುತ್ತದೆ. ಹತ್ತನೆಯ ತರಗತಿಯ ಹುಡುಗ ವರ್ಷದಲ್ಲಿ ಖಿಲಾಡಿಯಿಂದ ಡಾನ್, ಡಾನ್‌ನಿಂದ ರಾಕಿ ಭಾಯ್ ಆಗುತ್ತಾನೆ. ಪರೀಕ್ಷೆಯ ಪ್ರವೇಶಪತ್ರದಲ್ಲಿ ಮಾತ್ರ ಅಪ್ಪನ ಹೆಸರು ಮತ್ತು ಅಡ್ಡಹೆಸರು ಇದ್ದಂತೆಯೇ ಇರುತ್ತವೆ.